ಅರ್ಥವಿಲ್ಲದ ಹೆಸರು

ಚಿಕ್ಕಂದಿನಲ್ಲಿ ನಮ್ಮ ಅಜ್ಜಿ ಒಂದು ಒಗಟು ಹೇಳುತ್ತಿದ್ದರು: "ವಸ್ತು ನಿನ್ನದು, ಬಳಸುವವರೆಲ್ಲ ಬೇರೆಯವರು. ಏನದು, ಹೇಳು?" ಉತ್ತರ, ಹೆಸರು. ಆಗ ನಾವು ಮಕ್ಕಳೆಲ್ಲ ನಕ್ಕು ಸುಮ್ಮನಾಗುತ್ತಿದ್ದೆವು. ಮುಂದೆ ನಾನು 35 ವರ್ಷ ಉಪಾಧ್ಯಾಯಿನಿಯಾಗಿದ್ದೆ. ದಿನವೂ ಬೆಳಿಗ್ಗೆ ಐವತ್ತು ಅರುವತ್ತು ಹೆಸರುಗಳನ್ನು ಕೂಗುವುದೇ ನನ್ನ ವೃತ್ತಿಯ ಮೊದಲ ಕೆಲಸವಾಗಿತ್ತು. ಹಾಗಿದ್ದೂ ಆ ಒಗಟಿನಲ್ಲಿ ನಗುವಿಗಿಂತ ಹೊಣೆಯೇ ಹೆಚ್ಚಾಗಿದೆ ಎಂಬುದು ನನಗೆ ಬಹಳ ತಡವಾಗಿ ತಿಳಿಯಿತು. ಇನ್ನೊಬ್ಬರ ವಸ್ತುವನ್ನು ಬಳಸುವವರು ಎಚ್ಚರದಿಂದ ಬಳಸಬೇಕು. ನಾನು ಒಮ್ಮೆ ಎಚ್ಚರ ತಪ್ಪಿದೆ. ಅದನ್ನು ವಾಚಕರ ಮುಂದೆ ಹೇಳಿಕೊಳ್ಳುವುದಕ್ಕಾಗಿಯೇ ಈ ಬರಹ.

1986ರ ಜೂನ್ ತಿಂಗಳು. ಮೈಸೂರಿನ ಒಂದು ಹೆಣ್ಣುಮಕ್ಕಳ ಪ್ರೌಢಶಾಲೆಯಲ್ಲಿ ನಾನು ಕನ್ನಡ ಪಾಠ ಹೇಳುತ್ತಿದ್ದೆ. ಎಂಟನೆಯ ತರಗತಿಯ ಹೊಣೆಯೂ ನನ್ನದಾಗಿತ್ತು. ಶಾಲೆ ತೆರೆದ ಮೊದಲ ವಾರ, ಹೊರಗೆ ಜಿಟಿಜಿಟಿ ಮಳೆ. ಹೊಸ ಹಾಜರಿ ಪುಸ್ತಕವನ್ನು ಬಿಡಿಸಿ ಹೆಸರು ಕೂಗತೊಡಗಿದೆ. ನಾಗವೇಣಿ, ಪದ್ಮಿನಿ, ಹೇಮಾವತಿ, ಚಂದನಾ ಎಲ್ಲರೂ ಸರಾಗವಾಗಿ "ಹಾಜರ್ ಮಿಸ್" ಎಂದರು. ಆಮೇಲಿನ ಸಾಲಿನಲ್ಲಿ 'ಲಬ್ನ' ಎಂದು ಬರೆದಿತ್ತು. ಹಾಗೆಯೇ ಕೂಗಿದೆ. ಉತ್ತರವಿಲ್ಲ. ಇನ್ನೊಮ್ಮೆ ಗಟ್ಟಿಯಾಗಿ ಕೂಗಿದೆ. ಹಿಂದಿನ ಬೆಂಚಿನಿಂದ ಯಾರೋ "ಲಬೋ ಲಬೋ" ಎಂದು ಬಾಯಿ ಬಡಿದುಕೊಂಡಂತೆ ಸದ್ದು ಮಾಡಿದರು. ತರಗತಿಯೆಲ್ಲ ನಗೆಯಲ್ಲಿ ಮುಳುಗಿತು.

ಕಿಟಕಿಯ ಪಕ್ಕದಲ್ಲಿ ಕುಳಿತಿದ್ದ ಸಣಕಲು ಹುಡುಗಿಯೊಬ್ಬಳು ಎದ್ದು ನಿಂತು, "ಲುಬ್ನಾ, ಮಿಸ್" ಎಂದಳು. ಗುಮಾಸ್ತರು ಲಕಾರಕ್ಕೆ ಕೊಂಬು ಕೊಡುವುದನ್ನು ಮರೆತಿದ್ದರು, ಅಷ್ಟೆ. ನಾನು ತಿದ್ದಿಕೊಂಡು ಮುಂದೆ ಹೋಗಬಹುದಾಗಿತ್ತು. ಆದರೆ ನಗುವ ತರಗತಿಯ ಮುಂದೆ ನಿಂತ ಉಪಾಧ್ಯಾಯರಿಗೆ ಆ ನಗೆಯಲ್ಲಿ ತಮಗೂ ಒಂದು ಪಾಲಿರಲಿ ಎಂಬ ಚಪಲ ಉಂಟಾಗುತ್ತದೆ. "ಹಾಗೆಂದರೆ ಏನಮ್ಮ ಅರ್ಥ?" ಎಂದು ಕೇಳಿದೆ.

"ಗೊತ್ತಿಲ್ಲ, ಮಿಸ್."

"ಅರ್ಥವೇ ತಿಳಿಯದ ಹೆಸರನ್ನು ಹೊತ್ತುಕೊಂಡು ತಿರುಗುತ್ತೀಯಲ್ಲ, ಭಾರವಾಗುವುದಿಲ್ಲವೆ?" ಎಂದೆ. ಮಕ್ಕಳು ಇನ್ನಷ್ಟು ನಕ್ಕರು. ನಾನೂ ನಕ್ಕೆ. ಹುಡುಗಿ ಕುಳಿತುಕೊಂಡಳು.

ನಾಗವೇಣಿಗೆ, ಹೇಮಾವತಿಗೆ ಅವರ ಹೆಸರಿನ ಅರ್ಥವನ್ನು ನಾನು ಕೇಳಲಿಲ್ಲ. ಕೇಳಿದ್ದರೆ ಅವರಿಗೂ ಗೊತ್ತಿರುತ್ತಿತ್ತೆಂದು ಹೇಳಲಾರೆ. ಹದಿಮೂರು ವರ್ಷದ ಮಕ್ಕಳು ಹೆಸರನ್ನು ಅರ್ಥಕ್ಕಾಗಿ ಇಟ್ಟುಕೊಂಡಿರುವುದಿಲ್ಲ. ತಾಯಿ ಕರೆದಳು, ಓಗೊಟ್ಟರು. ಈ ಮಾತು ನನಗೆ ಆ ದಿನ ಹೊಳೆಯಲಿಲ್ಲ.

'ಲಬೋ ಲಬೋ' ಎಂಬುದು ಆ ಹುಡುಗಿಗೆ ಅಂಟಿಕೊಂಡುಬಿಟ್ಟಿತು. ನಾನು ಒಂದೆರಡು ಸಲ ಗದರಿಸಿದ್ದುಂಟು. ಆದರೆ ಮೊದಲು ನಕ್ಕವರ ಗದರಿಕೆಗೆ ಬೆಲೆ ಎಷ್ಟು? ಅವಳು ಜಾಣೆ. ಅದಕ್ಕಿಂತ ಮಿಗಿಲಾಗಿ ಅವಳ ಅಕ್ಷರ ಬಹಳ ಸೊಗಸಾಗಿತ್ತು. ಮುತ್ತು ಪೋಣಿಸಿದಂತೆ ದುಂಡಗೆ, ಸಾಲು ತಪ್ಪದೆ ಬರೆಯುತ್ತಿದ್ದಳು. ಕರಿಹಲಗೆಯ ಮೇಲೆ ದಿನದ ಸುಭಾಷಿತವನ್ನು ಬರೆಯುವ ಕೆಲಸವನ್ನು ಅವಳಿಗೇ ಒಪ್ಪಿಸಿದ್ದೆ. ಅದರಿಂದ ನನ್ನ ತಪ್ಪು ತೊಳೆದುಹೋಯಿತೆಂದು ಭಾವಿಸಿದ್ದೆನೋ ಏನೋ.

1988ರಲ್ಲಿ ಅವಳು ಒಂಬತ್ತನೆಯ ತರಗತಿ ಮುಗಿಸುವ ಹೊತ್ತಿಗೆ ಒಂದು ಅರ್ಜಿ ನನ್ನ ಮೇಜಿಗೆ ಬಂದಿತು. ಎಸ್.ಎಸ್.ಎಲ್.ಸಿ.ಯ ಪಟ್ಟಿಯಲ್ಲಿ ಅಚ್ಚಾದ ಹೆಸರೇ ಆಜೀವ ಪರ್ಯಂತ ನಿಲ್ಲುವುದೆಂದು ನಮ್ಮಲ್ಲಿ ಎಲ್ಲರಿಗೂ ತಿಳಿದ ಸಂಗತಿ. ಆ ಪಟ್ಟಿ ಸಿದ್ಧವಾಗುವ ಮುನ್ನ ತನ್ನ ಹೆಸರನ್ನು 'ಶಬಾನಾ' ಎಂದು ಬದಲಾಯಿಸಬೇಕೆಂದು ಅವಳು ಅದೇ ದುಂಡಗಿನ ಅಕ್ಷರದಲ್ಲಿ ಬರೆದಿದ್ದಳು. ಕೆಳಗೆ ತಂದೆಯ ಸಹಿ. ಶಬಾನಾ ಎಂದರೆ ಆಗ ಸಿನಿಮಾ ನೋಡುವ ಎಲ್ಲರಿಗೂ ಪರಿಚಿತವಾದ ಹೆಸರು. ಯಾರೂ ಎರಡನೆಯ ಸಲ ಕೇಳುವಂತಿರಲಿಲ್ಲ.

ಮರುದಿನ ತಂದೆಯೇ ಬಂದರು. ದೇವರಾಜ ಮಾರುಕಟ್ಟೆಯಲ್ಲಿ ಅತ್ತರು, ಊದುಬತ್ತಿ, ಧೂಪದ ಸಾಮಾನು ಮಾರುವವರು. ಬಟ್ಟೆಯಲ್ಲೆಲ್ಲ ಅದರದೇ ಪರಿಮಳ. ಕಾಗದದ ಒಂದು ಸಣ್ಣ ಪೊಟ್ಟಣವನ್ನು ಮೇಜಿನ ಮೇಲಿಟ್ಟು, "ಅಮ್ಮಾ, ಅವಳ ಹೆಸರು ಇದೇನೆ" ಎಂದರು. ಬಿಡಿಸಿ ನೋಡಿದೆ, ಲೋಬಾನ. "ಲುಬ್ನಾ ಅಂದರೆ ಧೂಪದ ಮರವಂತೆ. ನಮ್ಮ ತಾಯಿ ಇಟ್ಟ ಹೆಸರು. ನಾವು ಲೋಬಾನ ಮಾರಿ ಅನ್ನ ತಿನ್ನುವವರು, ಹೆಣ್ಣುಮಗುವಿಗೆ ಅದೇ ಹೆಸರಿರಲಿ ಅಂದರು. ಈಗ ಬೇಡ ಅಂತ ಮಗು ಅಳುತ್ತಾಳೆ. ನೀವು ಒಂದು ಮಾತು ಹೇಳಿದರೆ ಕೇಳಿಯಾಳು."

ಆ ಒಂದು ಮಾತನ್ನು ನಾನು ಹೇಳಲಿಲ್ಲ. ಮೇಜಿನ ಮೇಲೆ ತಿದ್ದಬೇಕಾದ ಉತ್ತರಪತ್ರಿಕೆಗಳ ಕಟ್ಟು ಇತ್ತು. "ಮಗುವಿನ ಇಷ್ಟದಂತೆ ಆಗಲಿ ಬಿಡಿ" ಎಂದು ಸಮಾಧಾನ ಹೇಳಿ ಕಳುಹಿಸಿ, ಅರ್ಜಿಯ ಅಂಚಿನಲ್ಲಿ 'ತಕರಾರಿಲ್ಲ' ಎಂದು ಷರಾ ಬರೆದೆ. ಅದು ದಾಖಲೆಗೆ ಸೇರಿತು. ಹೆಸರು ಬದಲಾಯಿತು.

ಇಲ್ಲಿ ಒಂದು ವಿನೋದವಿದೆ. ಅದು ನನ್ನ ಮೇಲಿನ ವಿನೋದ. ಹಾಜರಿ, ಅರ್ಜಿ, ಷರಾ, ತಕರಾರು, ದಾಖಲೆ, ಈ ಐದೂ ಮಾತುಗಳು ಅರಬ್ಬೀ ಮೂಲದವು. ಆಡಳಿತದ ಪಾರಸೀ ಭಾಷೆಯ ಮೂಲಕ ಬಂದು, ಕನ್ನಡದ ಅಂಗಳದಲ್ಲಿ ಕುರ್ಚಿ ಹಾಕಿಕೊಂಡು ಕುಳಿತಿವೆ. ತಾಲ್ಲೂಕು, ಜಿಲ್ಲೆ, ಇಲಾಖೆ, ಕಾಯಿದೆ, ಮಂಜೂರು ಇವೂ ಅದೇ ದಾರಿಯಲ್ಲಿ ಬಂದವು. ಇವುಗಳ ಅರ್ಥವನ್ನು ನಾನು ಯಾರನ್ನೂ ಕೇಳಿದವಳಲ್ಲ. ಅರಬ್ಬೀ ಮಾತಿನ ಪುಸ್ತಕವೊಂದನ್ನು ಕೈಯಲ್ಲಿ ಹಿಡಿದು ಅರಬ್ಬೀ ಹೆಸರೊಂದನ್ನು ಪರಕೀಯವೆಂದು ನಕ್ಕೆ. ಆಮೇಲೆ ಅರಬ್ಬೀ ಮಾತೊಂದನ್ನು ಬರೆದು ಅದನ್ನು ಅಳಿಸಿದೆ. ನಾನು ಕನ್ನಡ ಪಂಡಿತೆ!

ನಿವೃತ್ತಳಾದ ಮೇಲೆ ಗ್ರಂಥಾಲಯಕ್ಕೆ ಹೋಗುವ ಅಭ್ಯಾಸವಾಯಿತು. ಒಂದು ಮಧ್ಯಾಹ್ನ ಸ್ಪೇನ್ ದೇಶದ ಹಳೆಯ ಚರಿತ್ರೆಯನ್ನು ಓದುತ್ತಿದ್ದೆ. 10ನೆಯ ಶತಮಾನದಲ್ಲಿ ಆ ದೇಶದ ಬಹುಭಾಗವನ್ನು ಅರಬ್ಬೀ ಮಾತನಾಡುವ ಉಮಯ್ಯದ್ ವಂಶದ ದೊರೆಗಳು ಕಾರ್ಡೋಬಾ ನಗರದಿಂದ ಆಳುತ್ತಿದ್ದರು. ಅವರಲ್ಲಿ 961ರಿಂದ 976ರವರೆಗೆ ಆಳಿದ ಎರಡನೆಯ ಅಲ್-ಹಕಮ್ ಎಂಬ ದೊರೆಗೆ ಪುಸ್ತಕಗಳ ಹುಚ್ಚು. ದೂರದ ಬಾಗ್ದಾದು, ಕೈರೋ ಪಟ್ಟಣಗಳಿಂದ ಗ್ರಂಥಗಳನ್ನು ತರಿಸುತ್ತಿದ್ದ. ಅವನ ಭಂಡಾರದಲ್ಲಿ 4,00,000 ಗ್ರಂಥಗಳಿದ್ದವೆಂದು ಹಳೆಯ ಲೇಖಕರು ಹೇಳುತ್ತಾರೆ. ಲೆಕ್ಕದಲ್ಲಿ ಸ್ವಲ್ಪ ಉತ್ಸಾಹ ಬೆರೆತಿದ್ದರೂ ಭಂಡಾರ ದೊಡ್ಡದೆಂಬುದರಲ್ಲಿ ಸಂಶಯವಿಲ್ಲ. ಆ ದೊರೆಯ ಆಸ್ಥಾನದಲ್ಲಿ ಒಬ್ಬ ಲೇಖಕಿ ಇದ್ದಳು. ಬರವಣಿಗೆಯಲ್ಲಿ ನಿಪುಣೆ, ವ್ಯಾಕರಣ ಬಲ್ಲವಳು, ಕವಿತೆ ಕಟ್ಟುವವಳು, ಗಣಿತದಲ್ಲಿ ತಿಳಿವಳಿಕೆಯುಳ್ಳವಳು, ಅಕ್ಷರ ಬಲು ಸೊಗಸು ಎಂದು 12ನೆಯ ಶತಮಾನದ ಚರಿತ್ರಕಾರ ಇಬ್ನ್ ಬಷ್ಕುವಾಲ್ ಅವಳನ್ನು ಕುರಿತು ಬರೆದಿಟ್ಟಿದ್ದಾನೆ. ಅವಳು 984ರಲ್ಲಿ ತೀರಿಕೊಂಡಳು. ಅವಳ ಹೆಸರು ಲುಬ್ನಾ.

ಪುಸ್ತಕವನ್ನು ಮಡಿಸಿ ಬಹಳ ಹೊತ್ತು ಸುಮ್ಮನೆ ಕುಳಿತೆ. ಕರಿಹಲಗೆಯ ಮೇಲೆ ಸುಭಾಷಿತ ಬರೆಯುತ್ತಿದ್ದ ಆ ಸಣಕಲು ಕೈ ನೆನಪಾಯಿತು. ಇದೇ ಕಾಲಕ್ಕೆ ನಮ್ಮ ನಾಡಿನಲ್ಲಿ ಅತ್ತಿಮಬ್ಬೆ ಪೊನ್ನನ ಶಾಂತಿಪುರಾಣದ 1,000 ಪ್ರತಿಗಳನ್ನು ಬರೆಸಿ ಹಂಚಿದಳೆಂದು ನಾನು ಪ್ರತಿವರ್ಷವೂ ಹೆಮ್ಮೆಯಿಂದ ಪಾಠ ಹೇಳುತ್ತಿದ್ದವಳು. ಆ ಪಾಠದ ಪಕ್ಕದಲ್ಲಿ ಒಂದೇ ಒಂದು ವಾಕ್ಯ ಸೇರಿಸುವಷ್ಟು ತಿಳಿವಳಿಕೆ ನನಗೆ ಆಗ ಇದ್ದಿದ್ದರೆ, 'ಇವಳ ಹೆಸರಿನವಳೊಬ್ಬಳು ಅದೇ ಕಾಲದಲ್ಲಿ ಇನ್ನೊಂದು ದೇಶದಲ್ಲಿ ಗ್ರಂಥಗಳ ನಡುವೆ ಬಾಳಿದಳು' ಎಂದಿದ್ದರೆ, ಹಿಂದಿನ ಬೆಂಚಿನ ಸದ್ದು ಅಡಗುತ್ತಿರಲಿಲ್ಲವೆ?

ಅಲ್ಲಿಂದ ಮುಂದೆ ಆ ಹೆಸರಿನ ಬೆನ್ನು ಹತ್ತಿದೆ. ಅರಬ್ಬೀ ಭಾಷೆ ನನಗೆ ಬಾರದು. ಬಲ್ಲವರು ಇಂಗ್ಲಿಷಿನಲ್ಲಿ ಬರೆದುದನ್ನು ಓದಿ ತಿಳಿದದ್ದಿಷ್ಟು.

ಅರಬ್ಬೀ ಪದಗಳು ಬಹುಮಟ್ಟಿಗೆ ಮೂರು ವ್ಯಂಜನಗಳ ಧಾತುವಿನಿಂದ ಹುಟ್ಟುತ್ತವೆ. ವ್ಯಂಜನಗಳು ಕಂಬಗಳಿದ್ದಂತೆ, ನಡುವೆ ಸ್ವರಗಳು ಬದಲಾದಂತೆ ಬೇರೆ ಬೇರೆ ಪದಗಳಾಗುತ್ತವೆ. ಲ, ಬ, ನ ಎಂಬ ಮೂರು ಅಕ್ಷರಗಳ ಒಂದು ಧಾತುವಿಗೆ ಹಾಲು, ಬಿಳುಪು ಎಂಬ ಭಾವ. 'ಲಬನ್' ಎಂದರೆ ಹಾಲು. ಕೆಲವು ನಾಡುಗಳಲ್ಲಿ ಮೊಸರು ಅಥವಾ ಮಜ್ಜಿಗೆ. ಕೊಲ್ಲಿಯ ದೇಶಗಳಲ್ಲಿ ದುಡಿದು ಬಂದ ನಮ್ಮ ಮಂಗಳೂರು, ಭಟ್ಕಳದ ಕಡೆಯವರಿಗೆ ಅಲ್ಲಿನ ಅಂಗಡಿಗಳಲ್ಲಿ ದೊರೆಯುವ ಲಬನ್ ಎಂಬ ಮಜ್ಜಿಗೆ ಚೆನ್ನಾಗಿ ಪರಿಚಿತ. ಹಿಮ ಹೊದೆದು ಬೆಳ್ಳಗೆ ಕಾಣುವ ಬೆಟ್ಟಗಳ ನಾಡು 'ಲುಬ್ನಾನ್', ಎಂದರೆ ನಾವು ಭೂಗೋಳದಲ್ಲಿ ಓದುವ ಲೆಬನಾನ್. ಅರಬ್ಬಿಯ ಸೋದರಭಾಷೆಯಾದ ಹೀಬ್ರೂವಿನಲ್ಲಿಯೂ 'ಲವನ್' ಎಂದರೆ ಬಿಳಿ. 'ಲೆವಾನಾ' ಎಂದರೆ ಚಂದ್ರ.

ಇದೇ ಧಾತುವಿನಿಂದ ಬಂದದ್ದು 'ಲುಬಾನ್'. ಅರೇಬಿಯದ ದಕ್ಷಿಣ ತೀರದಲ್ಲಿ, ಓಮಾನ್ ದೇಶದ ಧೋಫಾರ್ ಪ್ರಾಂತದಲ್ಲಿಯೂ ಯೆಮನ್ ಸೀಮೆಯಲ್ಲಿಯೂ ಕುಳ್ಳಾದ, ಮುರುಟಿಕೊಂಡ ಒಂದು ಮರ ಬೆಳೆಯುತ್ತದೆ. ಅದರ ತೊಗಟೆಯನ್ನು ಉಳಿಯಂಥ ಕತ್ತಿಯಿಂದ ಕೆರೆದರೆ ಹಾಲಿನಂಥ ಹನಿಗಳು ಒಸರುತ್ತವೆ. ಗಾಳಿಗೆ ಅವು ಗಟ್ಟಿಯಾಗುತ್ತವೆ. ಕೆಲವು ದಿನಗಳ ಮೇಲೆ ಬಂದು ಕೆರೆದು ತೆಗೆಯುತ್ತಾರೆ. ಅದೇ ಧೂಪ. ಪ್ರಾಚೀನ ಕಾಲದಲ್ಲಿ ಈ ಹನಿಗಳು ಒಂಟೆಗಳ ಬೆನ್ನಮೇಲೆ ಮರುಭೂಮಿಯನ್ನು ದಾಟಿ ಪೆಟ್ರಾ, ಗಾಜಾ ಪಟ್ಟಣಗಳಿಗೂ ಅಲ್ಲಿಂದ ರೋಮಿನ ದೇವಾಲಯಗಳಿಗೂ ಹೋಗುತ್ತಿದ್ದವು. ಧೋಫಾರಿನ ಆ ಮರಗಳ ನೆಲವನ್ನೂ ಹಳೆಯ ರೇವುಗಳನ್ನೂ ಯುನೆಸ್ಕೋ ಸಂಸ್ಥೆ 2000ದಲ್ಲಿ ವಿಶ್ವಪರಂಪರೆಯ ಪಟ್ಟಿಗೆ ಸೇರಿಸಿತು.

'ಲುಬ್ನಾ' ಎಂಬುದು ಇದಕ್ಕೆ ನೆಂಟನಾದ ಇನ್ನೊಂದು ಮರ. ಶಾಸ್ತ್ರಜ್ಞರು ಅದನ್ನು ಸ್ಟೈರಾಕ್ಸ್ ಕುಲಕ್ಕೆ ಸೇರಿಸುತ್ತಾರೆ. ಸಿರಿಯ, ಪ್ಯಾಲೆಸ್ಟೈನ್, ತುರ್ಕಿ, ಗ್ರೀಸ್ ದೇಶಗಳ ಗುಡ್ಡದ ಇಳಿಜಾರುಗಳಲ್ಲಿ ಬೆಳೆಯುವ ಸಾಧಾರಣ ಗಾತ್ರದ ಗಿಡ. ವಸಂತದಲ್ಲಿ ಗಂಟೆಗಳಂತೆ ತೂಗುವ ಬಿಳಿಯ ಹೂಗಳನ್ನು ಬಿಡುತ್ತದೆ, ಹೂವಿಗೂ ಪರಿಮಳವುಂಟು. ಹಳೆಯ ಅರಬ್ಬೀ ನಿಘಂಟುಕಾರರು ಈ ಪದಕ್ಕೆ ಕೊಡುವ ವಿವರಣೆ, ಜೇನಿನಂಥ ಹಾಲನ್ನು ಸುರಿಸುವ ಮರ, ಧೂಪಕ್ಕೂ ಬರುತ್ತದೆ ಎಂದು. ನಮ್ಮಲ್ಲಿ ಹೆಣ್ಣುಮಗುವಿಗೆ ಚಂದನಾ ಎಂದು ಹೆಸರಿಡುವುದಿಲ್ಲವೆ? ಲುಬ್ನಾ ಅವರ ಚಂದನಾ. ನನ್ನ ಹಾಜರಿ ಪುಸ್ತಕದಲ್ಲಿ ಇಬ್ಬರೂ ಒಂದೇ ಪುಟದಲ್ಲಿದ್ದರು.

ಇನ್ನೂ ಒಂದು ವಿಷಯ ನನ್ನನ್ನು ಬೆರಗುಗೊಳಿಸಿತು. ಮರದ ಗಾಯದಿಂದ ಒಸರುವುದನ್ನು ಅರಬ್ಬರು ಹಾಲು ಎಂದರು. ನಾವು ಏನೆನ್ನುತ್ತೇವೆ? ಎಕ್ಕದ ಹಾಲು, ಆಲದ ಹಾಲು, ಅತ್ತಿಯ ಹಾಲು! ಅಷ್ಟೇ ಅಲ್ಲ, ಪಶ್ಚಿಮ ಘಟ್ಟದ ಕಾಡುಗಳಲ್ಲಿ ಒಂದು ದೊಡ್ಡ ಮರವಿದೆ; ಅದರ ಅಂಟನ್ನು ಮೈಸೂರಿನ ಊದುಬತ್ತಿಗೆ ಬೆರೆಸುತ್ತ ಬಂದಿದ್ದಾರೆ. ಅದರ ಹೆಸರು 'ಹಾಲುಮಡ್ಡಿ'. ಮರುಭೂಮಿಯ ಅಂಚಿನಲ್ಲಿ ನಿಂತವನೂ ಮಲೆನಾಡಿನ ಕಾಡಿನಲ್ಲಿ ನಿಂತವನೂ ಒಂದೇ ವಸ್ತುವನ್ನು ನೋಡಿ ಒಂದೇ ಮಾತು ಆಡಿದ್ದಾರೆ. ಭಾಷೆ ಬೇರೆ, ಕಣ್ಣು ಒಂದೇ. ಆ ಹುಡುಗಿಯ ಹೆಸರಿಗೆ ಅರ್ಥ ಕೇಳಿದವಳು ನಾನು. ಉತ್ತರ ನಮ್ಮ ದೇವರ ಮನೆಯ ಊದುಬತ್ತಿಯಲ್ಲಿಯೇ ಇತ್ತು.

ಇನ್ನು ಲೋಬಾನದ ಮಾತು. ಲುಬಾನ್ ಎಂಬ ಅರಬ್ಬೀ ಪದವೇ ಪಾರಸೀ, ಉರ್ದುಗಳ ಮೂಲಕ ಹಾದು ನಮ್ಮಲ್ಲಿ ಲೋಬಾನವಾಯಿತು. ಆದರೆ ಅಂಗಡಿಯಲ್ಲಿ ಆ ಹೆಸರಿನಿಂದ ಸಾಮಾನ್ಯವಾಗಿ ದೊರೆಯುವುದು ಸುಮಾತ್ರಾ ಮೊದಲಾದ ಪೂರ್ವದ್ವೀಪಗಳ ಒಂದು ಮರದ ಅಂಟು. ಅರಬ್ಬೀ ವರ್ತಕರು ಅದನ್ನು 'ಲುಬಾನ್ ಜಾವೀ', ಎಂದರೆ ಜಾವಾದ ಧೂಪ ಎಂದು ಕರೆದರು. 1345ರ ಸುಮಾರಿಗೆ ಸುಮಾತ್ರಾಕ್ಕೆ ಹೋಗಿದ್ದ ಪ್ರವಾಸಿ ಇಬ್ನ್ ಬತೂತಾ ಈ ಹೆಸರನ್ನು ಪ್ರಸ್ತಾಪಿಸುತ್ತಾನೆ. ಆ ಮರವೂ ಸ್ಟೈರಾಕ್ಸ್ ಕುಲದ್ದೇ. ಹಾಗಾಗಿ ನಮ್ಮ ಮನೆಯ ಲೋಬಾನದ ಮರವೂ ಲುಬ್ನಾ ಮರವೂ ಸಸ್ಯಶಾಸ್ತ್ರದ ಲೆಕ್ಕದಲ್ಲಿ ಅಕ್ಕತಂಗಿಯರು. "ಅವಳ ಹೆಸರು ಇದೇನೆ" ಎಂದು ಪೊಟ್ಟಣ ಇಟ್ಟ ಆ ವ್ಯಾಪಾರಿ ಶಾಸ್ತ್ರ ಓದದೆಯೇ ಸರಿಯಾದ ಮಾತು ಹೇಳಿದ್ದರು.

ಈ ಪದದ ಪ್ರಯಾಣ ಅಲ್ಲಿಗೂ ನಿಲ್ಲಲಿಲ್ಲ. ಯೂರೋಪಿನ ವರ್ತಕರು ಲುಬಾನ್ ಜಾವೀ ಎಂಬುದರ ಮೊದಲ ಅಕ್ಷರವನ್ನು ತಮ್ಮ ಭಾಷೆಯ ಒಂದು ಉಪಪದವೆಂದು ಭ್ರಮಿಸಿ ಬಿಟ್ಟುಬಿಟ್ಟರು. ಉಳಿದದ್ದು 'ಬಾನ್‌ಜಾವೀ', ಅದು ಬಾಯಿಂದ ಬಾಯಿಗೆ ಸವೆದು 'ಬೆಂಜಾಯಿನ್' ಆಯಿತು. ಆ ಅಂಟಿನಿಂದ ತೆಗೆದ ಆಮ್ಲ ಬೆಂಜಾಯಿಕ್ ಆಮ್ಲ. 1833ರಲ್ಲಿ ಮಿಟ್ಶರ್ಲಿಖ್ ಎಂಬ ಜರ್ಮನ್ ರಸಾಯನಶಾಸ್ತ್ರಜ್ಞ ಆ ಆಮ್ಲವನ್ನು ಸುಣ್ಣದೊಡನೆ ಕಾಸಿ ಬಟ್ಟಿ ಇಳಿಸಿ ಪಡೆದ ದ್ರವಕ್ಕೆ ಅದೇ ಹೆಸರಿನಿಂದ ಹೆಸರು ಕೊಟ್ಟ. ಕಾಲೇಜಿನ ಮಕ್ಕಳು ಆರು ಮೂಲೆಯ ಚಿತ್ರ ಬರೆದು ಓದುವ 'ಬೆಂಜೀನ್' ಅದು. ನಮ್ಮ ಶಾಲೆಯಲ್ಲಿ ಒಂದು ಕೊಂಬು ಬಿಟ್ಟುಹೋಯಿತೆಂದು ಹೇಳಿದೆನಲ್ಲ. ಚರಿತ್ರೆಯಲ್ಲಿ ಒಂದು ಅಕ್ಷರವೇ ಬಿಟ್ಟುಹೋಗಿದೆ. ಆದರೂ ಹೆಸರು ಸಾಯಲಿಲ್ಲ.

ಲುಬ್ನಾ ಎಂಬ ಹೆಸರಿಗೆ ಒಂದು ದುಃಖದ ಕಥೆಯೂ ಉಂಟು. ಲೈಲಾ ಮಜನೂ ಕಥೆಯನ್ನು ನಮ್ಮಲ್ಲಿ ಕೇಳದವರಿಲ್ಲ. ಅದೇ 7ನೆಯ ಶತಮಾನದ ಇನ್ನೊಬ್ಬ ಪ್ರೇಮಿಯ ಕಥೆ ಅರಬ್ಬರಲ್ಲಿ ಅಷ್ಟೇ ಪ್ರಸಿದ್ಧ. ಮದೀನಾದ ಕಡೆಯ ಕೈಸ್ ಇಬ್ನ್ ದರೀಹ್ ಎಂಬ ಕವಿ ಲುಬ್ನಾ ಎಂಬವಳನ್ನು ಮೆಚ್ಚಿ ಮದುವೆಯಾದ. ಇಬ್ಬರೂ ಸುಖವಾಗಿದ್ದರು. ಮಕ್ಕಳಾಗಲಿಲ್ಲ. ಅತ್ತೆಮಾವಂದಿರು ಬಿಟ್ಟುಬಿಡೆಂದು ಒತ್ತಾಯಿಸಿದರು. ತಂದೆ ಬಿರುಬಿಸಿಲಿನಲ್ಲಿ ಹೋಗಿ ನಿಂತು, ನೀನು ಅವಳನ್ನು ಬಿಡುವವರೆಗೆ ನೆರಳಿಗೆ ಬರಲಾರೆನೆಂದು ಹಟ ಹಿಡಿದನಂತೆ. ಮಗ ತನ್ನ ಮೇಲುವಸ್ತ್ರವನ್ನು ಅವನ ತಲೆಯ ಮೇಲೆ ಹಿಡಿದು ನಿಲ್ಲುತ್ತಿದ್ದನಂತೆ. ಕೊನೆಗೆ ಮಗ ಸೋತ. ಲುಬ್ನಾ ತವರಿಗೆ ಹೊರಟುಹೋದಳು. ಅವನ ಉಳಿದ ಬಾಳು ಪಶ್ಚಾತ್ತಾಪದ ಕವಿತೆಯಾಯಿತು. 10ನೆಯ ಶತಮಾನದಲ್ಲಿ ಅಬುಲ್ ಫರಜ್ ಅಲ್-ಇಸ್ಫಹಾನಿ ಎಂಬವನು ಸಂಗ್ರಹಿಸಿದ 'ಕಿತಾಬ್ ಅಲ್-ಅಘಾನಿ' ಎಂಬ ದೊಡ್ಡ ಗ್ರಂಥದಲ್ಲಿ ಈ ವೃತ್ತಾಂತವಿದೆ. ಅತ್ತೆಯ ಮನೆಯ ಈ ಬಿಸಿಲು ನಮ್ಮ ಹೆಣ್ಣುಮಕ್ಕಳಿಗೆ ಹೊಸದಲ್ಲ, ಬಿಡಿಸಿ ಹೇಳಬೇಕಾಗಿಲ್ಲ. ಆದರೆ ಒಂದು ಮಾತನ್ನು ಗಮನಿಸಬೇಕು. ಮಜನೂವಿನ ಹೆಸರೂ ಕೈಸ್ ಎಂದೇ. ಇಬ್ಬರನ್ನೂ ಬೇರೆಯಾಗಿ ಗುರುತಿಸುವುದಕ್ಕಾಗಿ ಜನ ಈತನನ್ನು 'ಕೈಸ್ ಲುಬ್ನಾ', ಎಂದರೆ ಲುಬ್ನಾಳ ಕೈಸ್ ಎಂದು ಕರೆದರು. ಇಂಥವರ ಮಗಳು, ಇಂಥವರ ಹೆಂಡತಿ ಎಂದು ಹೆಣ್ಣನ್ನು ಗುರುತಿಸುವ ಲೋಕದಲ್ಲಿ, ಮನೆಯಿಂದ ಹೊರಗೆ ಕಳುಹಿಸಿದ ಹೆಣ್ಣಿನ ಹೆಸರೇ 1,300 ವರ್ಷಗಳಿಂದ ಗಂಡಿಗೆ ವಿಳಾಸವಾಗಿ ನಿಂತಿದೆ.

ಇಷ್ಟನ್ನೂ ತಿಳಿದುಕೊಂಡು ನಾನು ಯಾರಿಗೆ ಹೇಳಲಿ? ಕೇಳಬೇಕಾಗಿದ್ದ ತರಗತಿ ಚದುರಿಹೋಗಿತ್ತು.

ಕಳೆದ ವರ್ಷ ನನ್ನ ಮಗಳು ಬಾಣಂತನಕ್ಕೆ ಬಂದಳು. ಮಗುವಿಗೆ ನೀರೆರೆದ ಮೇಲೆ ಕೆಂಡದ ಮೇಲೆ ಲೋಬಾನ ಉದುರಿಸಿ ಹೊಗೆ ಹಾಕಬೇಕಷ್ಟೆ. ಬಾಣಂತಿಯ ಕೋಣೆಗೆ ಆ ವಾಸನೆ ಇಲ್ಲದಿದ್ದರೆ ನಮ್ಮ ಕಾಲದವರಿಗೆ ಸಮಾಧಾನವಿಲ್ಲ. ದೇವರಾಜ ಮಾರುಕಟ್ಟೆಗೆ ಹೋದೆ. ಆ ಓಣಿಯಲ್ಲಿ ಎಷ್ಟೋ ಧೂಪದಂಗಡಿಗಳಿವೆ. ಒಂದರ ಮುಂದೆ ಕಾಲು ತಾನಾಗಿ ನಿಂತಿತು. ಸಾಲಾಗಿ ಇಟ್ಟ ಡಬ್ಬಗಳಿಗೆ ಕಾಗದದ ಚೀಟಿ ಅಂಟಿಸಿದ್ದರು: ಹಾಲುಮಡ್ಡಿ, ಗುಗ್ಗುಳ, ಲೋಬಾನ, ಸಾಂಬ್ರಾಣಿ. ಅಕ್ಷರಗಳು ಮುತ್ತು ಪೋಣಿಸಿದಂತೆ ದುಂಡಗಿದ್ದವು.

ಗಲ್ಲಾದ ಹಿಂದೆ ಕುಳಿತಿದ್ದ ಐವತ್ತರ ಹೆಂಗಸು ನನ್ನನ್ನು ಒಂದು ಗಳಿಗೆ ದಿಟ್ಟಿಸಿ, ಎದ್ದು ನಿಂತು, "ಮಿಸ್, ನೀವಲ್ಲವೆ?" ಎಂದಳು. ತಂದೆ ತೀರಿಕೊಂಡ ಮೇಲೆ ಅಂಗಡಿಯ ಲೆಕ್ಕಪತ್ರವೆಲ್ಲ ಅವಳದೇ ಎಂದು ತಿಳಿಯಿತು. ಸ್ಟೂಲು ಹಾಕಿ ಕೂರಿಸಿದಳು, ಚಹ ತರಿಸಿದಳು. ಗಿರಾಕಿಗಳ ನಡುವೆ, ನಿಂತು ನಿಂತು, ಮೇಲೆ ಬರೆದುದೆಲ್ಲವನ್ನೂ ನಾನು ಅವಳಿಗೆ ಹೇಳಿದೆ: ಹಾಲಿನ ಧಾತು, ಬಿಳಿಯ ಹೂವಿನ ಮರ, ಕಾರ್ಡೋಬಾದ ಲೇಖಕಿ, ಬೆಂಜೀನು. ಅವಳು ಧೂಪ ತೂಗುತ್ತಲೇ ಕೇಳಿದಳು. ಕೊನೆಗೆ, "ನನ್ನಿಂದ ನಿನ್ನ ಹೆಸರು ಹೋಯಿತಮ್ಮ" ಎಂದೆ.

"ಹೋಗಲಿಲ್ಲ ಮಿಸ್. ಅಬ್ಬಾ ಕೊನೆಯವರೆಗೂ ಲುಬ್ನಾ ಅಂತಲೇ ಕರೆದರು. ಮನೆಯಲ್ಲಿ ಈಗಲೂ ಹಾಗೇ. ಕಾಗದಪತ್ರದಲ್ಲಿ ಮಾತ್ರ ಶಬಾನಾ. ಅದೂ ಈಗ ನನ್ನದೇ. ಇಷ್ಟು ವರ್ಷ ಬಳಸಿದ್ದೇನೆ."

ಶಬಾನಾ ಎಂಬುದು ಪಾರಸೀ ಮಾತು. ರಾತ್ರಿಗೆ ಸಂಬಂಧಿಸಿದ್ದು ಎಂದು ಅರ್ಥ. ಬಿಳುಪಿನ ಹೆಸರನ್ನು ಬಿಟ್ಟು ಇರುಳಿನ ಹೆಸರನ್ನು ಹಿಡಿದಿದ್ದಳು. ಅದನ್ನು ನಾನು ಅವಳಿಗೆ ಹೇಳಲಿಲ್ಲ. ಇನ್ನು ಮುಂದೆ ಅವಳ ಹೆಸರುಗಳ ಮೇಲೆ ವ್ಯಾಖ್ಯಾನ ಮಾಡುವ ಅಧಿಕಾರ ನನಗಿಲ್ಲ ಎನಿಸಿತು.

ತಕ್ಕಡಿಯನ್ನು ಇಳಿಸಿ, ಅವಳು ಮೆಲ್ಲಗೆ ಮತ್ತೆ ಹೇಳಿದಳು: "ನೀವು ಅರ್ಥ ಕೇಳಿದ್ದು ತಪ್ಪಲ್ಲ ಮಿಸ್. ಕೇಳಿ ನಕ್ಕುಬಿಟ್ಟಿರಿ. 'ನಾಳೆ ಮನೆಯಲ್ಲಿ ಕೇಳಿಕೊಂಡು ಬಾ' ಅಂದಿದ್ದರೆ, ದಾದಿಯನ್ನು ಕೇಳಿ ಬಂದು ಎಲ್ಲರಿಗೂ ಹೇಳುತ್ತಿದ್ದೆ."

35 ವರ್ಷ ಪಾಠ ಹೇಳಿದವಳಿಗೆ ಶಿಷ್ಯೆ ಒಂದು ವಾಕ್ಯದಲ್ಲಿ ಪಾಠ ಹೇಳಿದಳು. ನನ್ನಂತೆ ಹಾಜರಿ ಪುಸ್ತಕ ಹಿಡಿಯುವ ತರುಣ ಉಪಾಧ್ಯಾಯರು ಈ ಪತ್ರಿಕೆಯನ್ನು ಓದುತ್ತಿದ್ದರೆ, ನನ್ನದೊಂದು ಬಿನ್ನಹ. ಕಿವಿಗೆ ಹೊಸದಾದ ಹೆಸರು ಬಂದರೆ ಅರ್ಥವನ್ನು ಕೇಳಿ, ಧಾರಾಳವಾಗಿ ಕೇಳಿ. ಆದರೆ ಉತ್ತರಕ್ಕೆ ಒಂದು ದಿನದ ಅವಕಾಶ ಕೊಡಿ. ಪ್ರತಿಯೊಂದು ಹೆಸರಿನ ಹಿಂದೆಯೂ ಮನೆಯಲ್ಲಿ ಯಾರೋ ಒಬ್ಬರು ಹಿರಿಯರು ಕುಳಿತಿರುತ್ತಾರೆ. ಅವರನ್ನು ಕೇಳಿಬರಲು ಮಗುವಿಗೆ ಹೊತ್ತು ಬೇಕು.

ಹೊರಡುವಾಗ ದುಡ್ಡು ಕೊಟ್ಟೆ, ಅವಳು ತೆಗೆದುಕೊಂಡಳು. ಒಂದು ಹಿಡಿ ಹಾಲುಮಡ್ಡಿಯನ್ನು ಮಾತ್ರ ಮಗುವಿನ ಪಾಲಿನದೆಂದು ಬೇರೆಯಾಗಿ ಕಟ್ಟಿಕೊಟ್ಟಳು. "ಮತ್ತೆ ಬೇಕಾದರೆ ಫೋನ್ ಮಾಡಿ ಮಿಸ್, ಹುಡುಗನ ಕೈಲಿ ಕಳುಹಿಸುತ್ತೇನೆ" ಎಂದು ಪೊಟ್ಟಣದ ಮೇಲೆ ಸಂಖ್ಯೆಯನ್ನು ಬರೆದು, ಕೆಳಗೆ ತನ್ನ ಹೆಸರನ್ನೂ ಬರೆದಳು.

ಮನೆಗೆ ಬಂದು ಕನ್ನಡಕ ಹಾಕಿಕೊಂಡು ನೋಡಿದೆ. ಲುಬ್ನಾ ಎಂದು ಬರೆದಿದ್ದಳು. ಲಕಾರದ ಕೊಂಬು ಅದರ ಸ್ಥಾನದಲ್ಲಿತ್ತು.